ಅಕ್ಕ, ತಂಗಿ ಮತ್ತು ಹದಿನಾರು ದಿನ: ಎರಡು ಚಂದ್ರರ ಪಂಚಾಂಗವೊಂದರ ಪ್ರಕರಣ

ಕಥೆಯ ಏಳನೇ ಅಧ್ಯಾಯದಲ್ಲಿ ಹುಡುಗಿಯೊಬ್ಬಳು ಕಗ್ಗತ್ತಲಲ್ಲಿ ದೋಣಿ ಹತ್ತಿ ಊರು ಬಿಡುತ್ತಾಳೆ. ಚಾಚಿದ ಕೈ ಕಾಣದಷ್ಟು ಕತ್ತಲೆ. ಬರವಣಿಗೆ ಚೆನ್ನಾಗಿತ್ತು. ಆದರೆ ಆ ರಾತ್ರಿ ಕತ್ತಲೆ ಇರುವುದಕ್ಕೆ ಸಾಧ್ಯವೇ ಇರಲಿಲ್ಲ. ಲೇಖಕಿ ತಾವೇ ಮಾಡಿಟ್ಟ ಪಂಚಾಂಗದ ಪ್ರಕಾರ ಅವತ್ತು ಆಕಾಶದಲ್ಲಿ ಎರಡು ಹುಣ್ಣಿಮೆ ಚಂದ್ರರು ಒಟ್ಟಿಗೆ ಇದ್ದರು.

ಈ ಒಂದು ತಪ್ಪು ಸರಿಮಾಡಲು ಹೊರಟು ಇಡೀ ಪಂಚಾಂಗವನ್ನೇ ಬಿಚ್ಚಿ ಕಟ್ಟಬೇಕಾಯಿತು. ಕಾಲ್ಪನಿಕ ಲೋಕ ಕಟ್ಟುವ ಬೇರೆಯವರಿಗೂ ಉಪಯೋಗವಾಗಲಿ ಅಂತ ಇದನ್ನು ವಿವರವಾಗಿ ಬರೆದಿಡುತ್ತಿದ್ದೇನೆ. ಲೇಖಕಿಯ ಒಪ್ಪಿಗೆ ಇದೆ. ಅವರ ಹೆಸರು, ಊರು, ಕಾದಂಬರಿಯ ಹೆಸರು ಇಲ್ಲಿ ಇಲ್ಲ. ಕಥೆಯೊಳಗಿನ ಹೆಸರುಗಳನ್ನೂ ಬದಲಿಸಿದ್ದೇನೆ. ಅಂಕಿಗಳು ಮಾತ್ರ ಅವರವೇ.

ಹಿನ್ನೆಲೆ

ಲೇಖಕಿ ಕರಾವಳಿಯವರು, ಮದುವೆಯಾಗಿ ಮೈಸೂರು ಕಡೆ ಬಂದವರು. ಮನೆ, ಕೆಲಸ ಎಲ್ಲ ಮುಗಿಸಿ ರಾತ್ರಿ ಬರೆಯುತ್ತಿದ್ದರು. ನಾನು ಅವರ ಹಸ್ತಪ್ರತಿ ಓದಿ, ಒಂದು ಅಧ್ಯಾಯಕ್ಕೂ ಇನ್ನೊಂದಕ್ಕೂ ಹೊಂದುತ್ತದೆಯೇ ಅಂತ ನೋಡಿಕೊಡುವ ಕೆಲಸ ಒಪ್ಪಿಕೊಂಡಿದ್ದೆ.

ಅವರ ಲೋಕ ಒಂದು ಅಳಿವೆ ನಾಡು. ನದಿ ಸಮುದ್ರ ಸೇರುವ ಕಡೆ ಉಪ್ಪಿನ ಆಗರಗಳು. ಒಳಗಡೆ ಭತ್ತದ ಗದ್ದೆಗಳು. ಗುಡ್ಡದ ಮೇಲೊಂದು ದೇವಸ್ಥಾನ. ವರ್ಷದ ಹಬ್ಬಗಳನ್ನು ಸಾರುವುದು ಆ ದೇವಸ್ಥಾನದವರೇ. ಆಕಾಶದಲ್ಲಿ ಇಬ್ಬರು ಚಂದ್ರರು: ನಿಧಾನವಾಗಿ ಸುತ್ತುವ ದೊಡ್ಡವಳು ಅಕ್ಕ, ಬೇಗ ಬೇಗ ಸುತ್ತುವ ಚಿಕ್ಕವಳು ತಂಗಿ. ಇಬ್ಬರೂ ಒಂದೇ ರಾತ್ರಿ ತುಂಬಿದರೆ ಅದು ಜೋಡಿ ಹುಣ್ಣಿಮೆ. ಕಥೆ ಶುರುವಾಗುವುದೇ ಜೋಡಿ ಹುಣ್ಣಿಮೆಯ ರಾತ್ರಿ, ಅಳಿವೆಯ ನೀರು ಊರಿಗೆ ನುಗ್ಗುವಲ್ಲಿಂದ. ತಲೆಮಾರಿಗೊಮ್ಮೆ ಬರುವ ರಾತ್ರಿ ಅದು ಅಂತ ಅಜ್ಜಿ ಹೇಳುತ್ತಾಳೆ.

ಮೊದಲ ಪಂಚಾಂಗವನ್ನು ಅವರು ಬಹಳ ಖುಷಿಯಿಂದ ತೋರಿಸಿದ್ದರು. ವರ್ಷಕ್ಕೆ 360 ದಿನ. 30 ದಿನದ 12 ತಿಂಗಳು. ಅಕ್ಕನಿಗೆ ಸರಿಯಾಗಿ 30 ದಿನದ ಸುತ್ತು, ತಂಗಿಗೆ ಸರಿಯಾಗಿ 12 ದಿನದ ಸುತ್ತು. ಆರು ದಿನಕ್ಕೊಂದು ವಾರ. "ಸರ್, ವರ್ಷ ಇವೆಲ್ಲದರಿಂದಲೂ ಭಾಗ ಹೋಗುತ್ತೆ ನೋಡಿ, ಶೇಷವೇ ಇಲ್ಲ" ಅಂದಿದ್ದರು. ಅವತ್ತು ನಾನೂ ಮೆಚ್ಚಿಕೊಂಡೆ. ಶೇಷ ಇಲ್ಲದಿರುವುದೇ ದೋಷ ಅಂತ ನನಗೂ ಹೊಳೆಯಲಿಲ್ಲ.

ಎಲ್ಲಿ ಕೆಟ್ಟಿತು

ತಪ್ಪು ಹಿಡಿದದ್ದು ನಾನಲ್ಲ. ಹಸ್ತಪ್ರತಿ ಓದಲು ಕೊಟ್ಟಿದ್ದ ನಾಲ್ಕು ಜನರಲ್ಲಿ ಒಬ್ಬ ಕಾಲೇಜು ಹುಡುಗ. ಜೋಡಿ ಹುಣ್ಣಿಮೆಯ ರಾತ್ರಿಯಿಂದ ಹುಡುಗಿ ಓಡಿಹೋಗುವ ರಾತ್ರಿಗೆ ಸರಿಯಾಗಿ ಎರಡು ತಿಂಗಳು ಅಂತ ಕಥೆಯಲ್ಲೇ ಇತ್ತು. ಅಂದರೆ 60 ದಿನ. ಅಷ್ಟರಲ್ಲಿ ಅಕ್ಕ ಎರಡು ಸುತ್ತು ಮುಗಿಸಿರುತ್ತಾಳೆ, ತಂಗಿ ಐದು ಸುತ್ತು. ಇಬ್ಬರೂ ಮತ್ತೆ ತುಂಬಿ ನಿಂತಿರುತ್ತಾರೆ. ಹುಡುಗ ಪುಟದ ಅಂಚಿನಲ್ಲಿ ಪೆನ್ಸಿಲ್‌ನಲ್ಲಿ ಎರಡು ಸೊನ್ನೆ ಬರೆದು ಪಕ್ಕದಲ್ಲಿ ಒಂದು ಪ್ರಶ್ನೆ ಚಿಹ್ನೆ ಹಾಕಿದ್ದ. ಅಷ್ಟೇ.

ಅಲ್ಲಿಂದ ಇಡೀ ನೂಲು ಬಿಚ್ಚಿಕೊಂಡಿತು. ಅರವತ್ತು ದಿನಕ್ಕೊಮ್ಮೆ ಜೋಡಿ ಹುಣ್ಣಿಮೆ ಅಂದರೆ ವರ್ಷಕ್ಕೆ ಆರು. ಹಾಗಾದರೆ ಅಜ್ಜಿ ಹೇಳುವ ತಲೆಮಾರಿನ ಮಾತಿಗೆ ಅರ್ಥವೇ ಇಲ್ಲ. ಪ್ರತಿ ತಿಂಗಳ ಹದಿನೈದಕ್ಕೆ ಹುಣ್ಣಿಮೆ, ಪ್ರತಿ ವರ್ಷ ಒಂದೇ ದಿನ ಹಬ್ಬ, ಒಂದೇ ದಿನ ಮೊದಲ ಮಳೆ. ದೇವಸ್ಥಾನದವರು ಪಂಚಾಂಗ ಬರೆಯುವ ಅಗತ್ಯವಾದರೂ ಏನು? ಒಂದು ವರ್ಷದ್ದು ಗೋಡೆಗೆ ಹಚ್ಚಿದರೆ ಸಾವಿರ ವರ್ಷಕ್ಕೆ ಸಾಕು. ಕಥೆಯಲ್ಲಿ ಗಣಿತ ಬಲ್ಲ ಅರ್ಚಕರ ಮನೆತನವೇ ಇತ್ತು. ಅವರಿಗೆ ಮಾಡಲು ಕೆಲಸವೇ ಇರಲಿಲ್ಲ.

ನಮ್ಮ ಆಕಾಶ ಹೀಗಿಲ್ಲ, ಅಲ್ವಾ? ನಮ್ಮ ಚಾಂದ್ರಮಾನ ತಿಂಗಳು ಸರಾಸರಿ 29.53 ದಿನ. ಹನ್ನೆರಡು ಸೇರಿದರೆ 354 ಚಿಲ್ಲರೆ. ಸೂರ್ಯನ ವರ್ಷ 365 ಚಿಲ್ಲರೆ. ಆ ಹನ್ನೊಂದು ದಿನದ ಕೊರತೆಯಿಂದಲೇ ಅಧಿಕ ಮಾಸ ಹುಟ್ಟಿತು. 2022ರಲ್ಲಿ ಗಣೇಶ ಚೌತಿ ಆಗಸ್ಟ್ 31ಕ್ಕೆ ಬಂತು. 2023ರಲ್ಲಿ ಅಧಿಕ ಶ್ರಾವಣ ಬಂದು ಹಬ್ಬ ಸೆಪ್ಟೆಂಬರ್ 18ಕ್ಕೆ ಹೋಯಿತು. ಈ ಓಡಾಟ ಇರುವುದರಿಂದಲೇ ಯುಗಾದಿಗೆ ಮನೆಗೆ ಹೊಸ ಪಂಚಾಂಗ ಬೇಕು, ಅದನ್ನು ಓದುವವರು ಬೇಕು, ಯಾವುದು ಸರಿ ಅಂತ ವಾದ ಮಾಡುವವರೂ ಬೇಕು.

ಮೊದಲ ರಿಪೇರಿ

ಲೇಖಕಿ ಎದೆಗುಂದಲಿಲ್ಲ. ಒಂದೇ ವಾರದಲ್ಲಿ ಎಕ್ಸೆಲ್ ಶೀಟ್ ಮಾಡಿ ತಂದರು. ಈಗ ಎಲ್ಲವೂ ದಶಮಾಂಶದಲ್ಲಿತ್ತು, ಅದೂ ನಾಲ್ಕು ನಾಲ್ಕು ಸ್ಥಾನಗಳವರೆಗೆ. ಐನೂರು ವರ್ಷದ ಹುಣ್ಣಿಮೆ, ಅಮಾವಾಸ್ಯೆಗಳೆಲ್ಲ ಸಾಲಾಗಿ ಬಂದಿದ್ದವು. ಪ್ರತಿ ಅಧ್ಯಾಯದ ನೆತ್ತಿಯ ಮೇಲೆ ತಿಂಗಳು, ದಿನ, ಅಕ್ಕನ ಕಲೆ, ತಂಗಿಯ ಕಲೆ, ದೇವಸ್ಥಾನ ಕಟ್ಟಿದಾಗಿನಿಂದ ಎಷ್ಟನೇ ವರ್ಷ, ಎಲ್ಲ ಬರೆದಿದ್ದರು.

ಲೆಕ್ಕದಲ್ಲಿ ಒಂದೂ ತಪ್ಪಿರಲಿಲ್ಲ. ಆದರೆ ಓದಿದವರೆಲ್ಲ ಆ ಸಾಲುಗಳನ್ನು ಹಾರಿಸಿಕೊಂಡು ಹೋದರು. ಅದಕ್ಕಿಂತ ದೊಡ್ಡ ತೊಂದರೆ ಇನ್ನೊಂದಿತ್ತು. ಕಥೆಯೊಳಗಿನ ಯಾರಿಗೂ ಆ ಪಂಚಾಂಗ ಗೊತ್ತಿರುವಂತೆ ಕಾಣುತ್ತಿರಲಿಲ್ಲ. ಅವರು ಗದ್ದೆಗೆ ಹೋಗುತ್ತಿದ್ದರು, ಉಪ್ಪು ಎಳೆಯುತ್ತಿದ್ದರು, ಮದುವೆ ಮಾಡುತ್ತಿದ್ದರು. ತಾರೀಖು ಮಾತ್ರ ಮೇಲೆಲ್ಲೋ ಬೇರೆಯಾಗಿ ತೇಲುತ್ತಿತ್ತು. ಹಿಂದಿನ ಪಂಚಾಂಗ ತಪ್ಪಾಗಿತ್ತು, ಆದರೆ ಅದರಲ್ಲಿ ಜನ ಇದ್ದರು. ಈಗಿನದು ಸರಿಯಾಗಿತ್ತು, ಆದರೆ ಅದರಲ್ಲಿ ಯಾರೂ ವಾಸ ಮಾಡುತ್ತಿರಲಿಲ್ಲ.

ಇಲ್ಲಿ ನಾವು ಸುಮಾರು ಎರಡು ತಿಂಗಳು ಸಿಕ್ಕಿಹಾಕಿಕೊಂಡೆವು. ನಾನು ತಾರೀಖಿನ ಸಾಲು ತೆಗೆಯಿರಿ ಎನ್ನುತ್ತಿದ್ದೆ. ಅವರು ಇಷ್ಟೆಲ್ಲ ಲೆಕ್ಕ ಮಾಡಿದ್ದು ಸುಮ್ನೆ ಆಗುತ್ತದೆ ಎನ್ನುತ್ತಿದ್ದರು. ಇಬ್ಬರೂ ತಪ್ಪು ಪ್ರಶ್ನೆಯ ಮೇಲೆ ಜಗಳವಾಡುತ್ತಿದ್ದೆವು.

ಆಟಿ ಮತ್ತು ಆಷಾಢ

ತಿರುವು ಬಂದದ್ದು ಬೇರೇನೋ ಮಾತಾಡುವಾಗ. ಅವರ ಮದುವೆಯಾದ ಮೊದಲ ವರ್ಷದ ವಿಷಯ ಬಂತು. "ಗಂಡನ ಮನೆಯಲ್ಲಿ ಆಷಾಢ ಅಂತ ತವರಿಗೆ ಕಳಿಸಿದರು ಸರ್. ಆಷಾಢ ಮುಗೀತು, ಕರೆಯೋಕೆ ಬಂದರು. ಅಷ್ಟರಲ್ಲಿ ನಮ್ಮಮ್ಮ, ಈಗ ಆಟಿ, ಆಟಿಯಲ್ಲಿ ಮಗಳು ತವರಲ್ಲೇ ಕೂರಬೇಕು, ಕಳಿಸಲ್ಲ ಅಂದರು."

ತುಳುನಾಡಿನ ತಿಂಗಳು ಸೂರ್ಯನದು. ಆಟಿ ಜುಲೈ ನಡುವಿನಿಂದ ಆಗಸ್ಟ್ ನಡುವಿನವರೆಗೆ. ಆಷಾಢ ಚಂದ್ರನದು, ಪ್ರತಿ ವರ್ಷ ಸ್ವಲ್ಪ ಹಿಂದೆ ಮುಂದೆ ಆಗುತ್ತದೆ. ಎರಡೂ ಕಡೆ ಇದು ಮದುವೆಗೆ ಆಗದ ತಿಂಗಳು, ಎರಡೂ ಕಡೆ ಹೊಸ ಸೊಸೆ ತವರಿಗೆ ಹೋಗುವ ತಿಂಗಳು. ಆದರೆ ಒಂದೇ ದಿನ ಶುರುವಾಗುವುದಿಲ್ಲ, ಒಂದೇ ದಿನ ಮುಗಿಯುವುದೂ ಇಲ್ಲ. ಆ ವರ್ಷ ಎರಡು ಪಂಚಾಂಗಗಳ ನಡುವೆ ಒಬ್ಬ ಹೆಣ್ಣುಮಗಳು ತವರಿನ ಜಗಲಿಯಲ್ಲಿ ಕೂತಿದ್ದಳು.

"ನಿಮ್ಮ ಅಳಿವೆ ನಾಡಲ್ಲಿ ಇಂಥದ್ದು ಯಾರಿಗಾದರೂ ಆಗುತ್ತಾ?" ಅಂತ ಕೇಳಿದೆ. ಅವರು ಬಹಳ ಹೊತ್ತು ಸುಮ್ಮನಿದ್ದರು.

ಮಾರನೇ ದಿನದಿಂದ ಪ್ರಶ್ನೆಯೇ ಬದಲಾಯಿತು. ಅಲ್ಲಿವರೆಗೆ "ಈ ಲೋಕದಲ್ಲಿ ವರ್ಷಕ್ಕೆ ಎಷ್ಟು ದಿನ" ಅಂತ ಕೇಳುತ್ತಿದ್ದೆವು. ಈಗ "ಇಲ್ಲಿ ಯಾರಿಗೆ ಯಾವ ದಿನ ಗೊತ್ತಿರಬೇಕು, ಗೊತ್ತಿಲ್ಲದಿದ್ದರೆ ಏನು ಕೆಡುತ್ತದೆ" ಅಂತ ಕೇಳತೊಡಗಿದೆವು. ಗದ್ದೆಯವರಿಗೆ ಬೀಜ ಹಾಕುವ ದಿನ ಬೇಕು. ಅದು ಸೂರ್ಯನ ಲೆಕ್ಕ. ಉಪ್ಪಿನವರಿಗೆ ಉಬ್ಬರ ಯಾವಾಗ ಏರುತ್ತದೆ ಅಂತ ಬೇಕು. ಅದು ಚಂದ್ರರ ಲೆಕ್ಕ. ದೇವಸ್ಥಾನಕ್ಕೆ ಎರಡನ್ನೂ ಒಂದು ಹಾಳೆಯಲ್ಲಿ ಹೊಂದಿಸಿ ಊರಿಗೆಲ್ಲ ಒಂದೇ ಹಬ್ಬ ಸಾರಬೇಕು. ಹೀಗೆ ಒಂದೇ ನಾಡಿನಲ್ಲಿ ಮೂರು ಕಾಲಗಣನೆ ಆಯಿತು, ಮೂರಕ್ಕೂ ಹೊಟ್ಟೆಪಾಡಿನ ಕಾರಣ ಇತ್ತು.

ಗದ್ದೆಯವರ ಲೆಕ್ಕಕ್ಕೆ ನಮ್ಮ ಮಳೆ ನಕ್ಷತ್ರಗಳೇ ದಾರಿ ತೋರಿಸಿದವು. ಸೂರ್ಯ ಒಂದೊಂದು ನಕ್ಷತ್ರದಲ್ಲಿ ಹದಿಮೂರು ಹದಿನಾಲ್ಕು ದಿನ ಇರುತ್ತಾನೆ, ಆ ದಿನಗಳ ಮಳೆಗೆ ಅದೇ ಹೆಸರು. ರೋಹಿಣಿ ಮಳೆಗೆ ಓಣಿಯೆಲ್ಲ ಜೋಳ ಅನ್ನುತ್ತೇವೆ. ಮಘೆ ಮಳೆ ಬಂದಷ್ಟೂ ಒಳ್ಳೇದು, ಮನೆ ಮಗ ಉಂಡಷ್ಟೂ ಒಳ್ಳೇದು ಅನ್ನುತ್ತೇವೆ. ಹನಿ ಬೀಳದಿದ್ದರೂ ಅದು ಮಘೆ ಮಳೆಯೇ. ಅಂದರೆ ಇಲ್ಲಿ ಮಳೆ ಅನ್ನುವುದು ಕಾಲದ ಒಂದು ಅಳತೆ. ಅಳಿವೆ ನಾಡಿನ ವರ್ಷವನ್ನು ಅವರು 24 ಮಳೆಯಾಗಿ ಹಂಚಿದರು, ಒಂದಕ್ಕೆ ಸುಮಾರು ಹದಿನೈದು ದಿನ. ಮಣ್ಣು ಮಳೆ, ಬೀಜದ ಮಳೆ, ಏಡಿ ಮಳೆ ಅಂತ ಹೆಸರು. ಇಪ್ಪತ್ತನಾಲ್ಕಕ್ಕೂ ಹೆಸರು ಇಟ್ಟಿದ್ದರು. ಪುಸ್ತಕದಲ್ಲಿ ಬಳಕೆಗೆ ಬಂದದ್ದು ಆರೋ ಏಳೋ. ಉಳಿದವನ್ನು ಓದುಗರಿಗೆ ತೋರಿಸದೆ ಇಟ್ಟುಕೊಂಡದ್ದು ಒಳ್ಳೆಯ ನಿರ್ಧಾರ.

ಅಂಕಿಗಳನ್ನೂ ಸರಳ ಮಾಡಿದೆವು. ನಾಲ್ಕು ದಶಮಾಂಶ ಸ್ಥಾನ ಹೋಗಿ ಒಂದೇ ಉಳಿಯಿತು. ವರ್ಷ 368.4 ದಿನ. ಅಕ್ಕನ ಸುತ್ತು 30.2 ದಿನ. ತಂಗಿಯದು 11.7. ಬೆರಳಿನಲ್ಲಿ, ಹಗ್ಗದ ಗಂಟಿನಲ್ಲಿ ಎಣಿಸುವ ಜನ ಕಂಡುಕೊಳ್ಳಬಹುದಾದ ನಿಯಮ ಇದರಿಂದ ಬರಬೇಕು ಅನ್ನುವುದು ನಮ್ಮ ಅಪೇಕ್ಷೆ. ಬಂತು ಕೂಡ. ಅದನ್ನು ಮುಂದೆ ಹೇಳುತ್ತೇನೆ.

ಜೋಡಿ ಹುಣ್ಣಿಮೆ ಅಪರೂಪವಾದದ್ದು ಹೇಗೆ

ಇದು ಇಡೀ ಪ್ರಕರಣದಲ್ಲಿ ನನಗೆ ಅತಿ ಹೆಚ್ಚು ಕಲಿಸಿದ ಭಾಗ.

ದಶಮಾಂಶ ಬಂದ ಮೇಲೆ ಜೋಡಿ ಹುಣ್ಣಿಮೆ ತಾನಾಗಿಯೇ ಅಪರೂಪ ಆಗುತ್ತದೆ ಅಂದುಕೊಂಡಿದ್ದೆವು. ಆಗಲಿಲ್ಲ. ಕಾರಣ ಸರಳ. ತಂಗಿ 11.7 ದಿನಕ್ಕೊಮ್ಮೆ ತುಂಬುತ್ತಾಳೆ. ಅಕ್ಕ ತುಂಬಿದ ಯಾವುದೇ ರಾತ್ರಿ ತಂಗಿಯೂ ತುಂಬಿರುವ ಸಾಧ್ಯತೆ ಸುಮಾರು ಹನ್ನೆರಡರಲ್ಲಿ ಒಂದು. ಹಾಗಾಗಿ ಎರಡೂ ಸುತ್ತುಗಳನ್ನು ಗುಣಿಸಿದರೆ ಸರಾಸರಿ ಅಂತರ ಸಿಗುತ್ತದೆ: 30.2ನ್ನು 11.7ರಿಂದ ಗುಣಿಸಿದರೆ 353 ದಿನ. ಹೆಚ್ಚೂಕಡಿಮೆ ವರ್ಷಕ್ಕೊಮ್ಮೆ. ದಶಮಾಂಶ ಎಷ್ಟು ಬೇಕಾದರೂ ಬದಲಿಸಿ, ಗುಣಲಬ್ಧ ಅಷ್ಟರಲ್ಲೇ ಇದ್ದರೆ ಅಪರೂಪವೂ ಅಷ್ಟೇ. ಎರಡು ಚಂದ್ರರ ಲೋಕ ಕಟ್ಟುವವರು ಮೊದಲ ದಿನವೇ ಈ ಗುಣಾಕಾರ ಮಾಡಿಕೊಂಡರೆ ನಮ್ಮಷ್ಟು ಕಷ್ಟಪಡಬೇಕಾಗಿಲ್ಲ.

ಲೇಖಕಿ ಆಗ ಬಹಳ ಬೇಸರ ಮಾಡಿಕೊಂಡರು. ಹದಿನೈದು ದಿನ ಒಂದು ಮೆಸೇಜೂ ಇಲ್ಲ. ತಂಗಿಯ ಸುತ್ತನ್ನು ನಾನೂರು ದಿನ ಮಾಡಿಬಿಡೋಣವಾ ಅಂತ ಆಮೇಲೆ ಕೇಳಿದರು. ಆಗ ಜೋಡಿ ಹುಣ್ಣಿಮೆ ಮೂವತ್ತಮೂರು ವರ್ಷಕ್ಕೊಮ್ಮೆ ಬರುತ್ತದೆ ನಿಜ. ಆದರೆ ತಂಗಿ ತಿಂಗಳುಗಟ್ಟಲೆ ಒಂದೇ ಥರ ಕಾಣುತ್ತಾ ನಿಲ್ಲುತ್ತಾಳೆ. ಬೇಗ ಬೇಗ ತುಂಬಿ ಕರಗುವ ಚಂಚಲ ತಂಗಿಯ ಮೇಲೆ ಆ ನಾಡಿನ ಅರ್ಧ ಹಾಡುಗಳು ನಿಂತಿದ್ದವು. ಅವಳನ್ನು ಕಳೆದುಕೊಳ್ಳಲು ನಾನು ಒಪ್ಪಲಿಲ್ಲ. ಅವರೂ ಮನಸಾರೆ ಕೇಳಿರಲಿಲ್ಲ ಅಂತ ನನ್ನ ನಂಬಿಕೆ.

ದಾರಿ ಸಿಕ್ಕಿದ್ದು ಅವರ ಅತ್ತೆಯ ಬಾಯಿಂದ. ಅವತ್ತು ಸೋಮವತಿ ಅಮಾವಾಸ್ಯೆ. ಅತ್ತೆ ಅರಳಿಮರ ಸುತ್ತಲು ಹೊರಟಿದ್ದರು. ಅಮಾವಾಸ್ಯೆ ತಿಂಗಳು ತಿಂಗಳೂ ಬರುತ್ತದೆ. ಸೋಮವಾರ ಏಳು ದಿನಕ್ಕೊಮ್ಮೆ ಬರುತ್ತದೆ. ಎರಡೂ ಕೂಡಿದ್ದು ಮಾತ್ರ ಸರಾಸರಿ 207 ದಿನಕ್ಕೊಮ್ಮೆ. ಸಾಮಾನ್ಯ ಸಂಗತಿಗಳ ಮೇಲೆ ಸಾಮಾನ್ಯ ಸಂಗತಿ ಕೂಡಿಸಿ ನಮ್ಮ ಹಿರಿಯರು ವಿಶೇಷ ದಿನ ಮಾಡಿಕೊಂಡಿದ್ದಾರೆ. ತಿಥಿ, ವಾರ, ನಕ್ಷತ್ರ ಎಷ್ಟು ಸೇರಿದರೆ ಅಷ್ಟು ಅಪರೂಪ.

ಹಾಗಾದರೆ ಜೋಡಿ ಹುಣ್ಣಿಮೆ ವರ್ಷಕ್ಕೊಮ್ಮೆ ಬರಲಿ, ಬಿಡಿ. ನೀರು ನುಗ್ಗುವುದು ಅದು ಏಡಿ ಮಳೆಯಲ್ಲಿ ಬಂದಾಗ ಮಾತ್ರ. ಆಗ ಗುಡ್ಡದ ನೀರೆಲ್ಲ ನದಿಯಲ್ಲಿ ತುಂಬಿ ಇಳಿಯುತ್ತಿರುತ್ತದೆ. ಕೆಳಗಿನಿಂದ ಸಮುದ್ರ ಏರಿ ಅದನ್ನು ತಡೆಯುತ್ತದೆ. ಊರಿನ ಕಟ್ಟೆ ತಡೆದುಕೊಳ್ಳುವುದಿಲ್ಲ. ಅಜ್ಜಿಯ ಮಾತಿಗೆ ಈಗ ಕಾರಣ ಬಂತು.

ಶೀಟ್ ಹಾಕಿ ನೋಡಿದಾಗ ಇಬ್ಬರೂ ನಿರೀಕ್ಷಿಸದ ಒಂದು ಸಂಗತಿ ಕಂಡಿತು. ಅಕ್ಕನ ಹನ್ನೆರಡು ಸುತ್ತಿಗೆ 362.4 ದಿನ, ವರ್ಷಕ್ಕಿಂತ ಸರಿಯಾಗಿ ಆರು ದಿನ ಕಡಿಮೆ. ತಂಗಿಯೂ ಆ ಹೊತ್ತಿಗೆ ಬಹುತೇಕ ತುಂಬಿಯೇ ಇರುತ್ತಾಳೆ. ಹಾಗಾಗಿ ಈ ವರ್ಷ ಏಡಿ ಮಳೆಯ ಹನ್ನೊಂದನೇ ದಿನ ಜೋಡಿ ಹುಣ್ಣಿಮೆ ಆದರೆ, ಮುಂದಿನ ವರ್ಷ ಅದೇ ಮಳೆಯ ಐದನೇ ದಿನ ಮತ್ತೆ ಆಗುತ್ತದೆ. ಅದರ ಮುಂದಿನ ವರ್ಷ ಏಡಿ ಮಳೆಯಿಂದಲೇ ಆಚೆ ಜಾರಿರುತ್ತದೆ. ಆಮೇಲೆ ಹೆಚ್ಚಾಗಿ 45 ಇಲ್ಲವೇ 55 ವರ್ಷ ಆ ಕಡೆ ತಲೆಹಾಕುವುದಿಲ್ಲ. ಅಪರೂಪಕ್ಕೆ ಹತ್ತೇ ವರ್ಷದಲ್ಲಿ ಮರಳುವುದೂ ಉಂಟು.

ಬಂದರೆ ಎರಡು ವರ್ಷ ಸಾಲಾಗಿ. ಆಮೇಲೆ ಒಂದು ಆಯಸ್ಸಿನಷ್ಟು ಮೌನ. ಇದನ್ನು ಯಾರೂ ಯೋಚಿಸಿ ಬರೆದದ್ದಲ್ಲ, ಅಂಕಿಗಳೊಳಗೇ ಇತ್ತು. ಕಾದಂಬರಿಯ ನಡುಭಾಗ ಇದರಿಂದಲೇ ಹುಟ್ಟಿತು. ಮೊದಲ ಪ್ರವಾಹ ಮುಗಿದ ಮೇಲೆ ದೇವಸ್ಥಾನದವರು, ಆಗುವುದು ಆಗಿಹೋಯಿತು, ಇನ್ನು ಐವತ್ತು ವರ್ಷ ಭಯವಿಲ್ಲ ಅಂತ ಸಾರುತ್ತಾರೆ. ಅಜ್ಜಿ ಮಾತ್ರ ಒಪ್ಪುವುದಿಲ್ಲ. ಅವಳು ಹತ್ತು ವರ್ಷದ ಹುಡುಗಿಯಾಗಿದ್ದಾಗ ನೀರು ಎರಡು ಸಲ ಬಂದಿತ್ತು. ಎರಡನೇ ಸಲ ಅವಳ ತಮ್ಮ ಹೋಗಿದ್ದ.

ಹಬ್ಬದ ದಿನ ಮಣ್ಣು ಆಗಲೇ ಒದ್ದೆ

ಇನ್ನು ದೇವಸ್ಥಾನದ ಲೆಕ್ಕ. ವರ್ಷಕ್ಕೆ ಆರು ದಿನ ಕಡಿಮೆ ಬೀಳುವ ಅಕ್ಕನ ತಿಂಗಳುಗಳನ್ನು ಸೂರ್ಯನ ವರ್ಷಕ್ಕೆ ಹೊಂದಿಸಬೇಕು. ಐದು ವರ್ಷಕ್ಕೆ 1842 ದಿನ. ಅಕ್ಕನ 61 ಸುತ್ತಿಗೆ 1842.2 ದಿನ. ಎಂಥ ಹೊಂದಾಣಿಕೆ! ಹಾಗಾಗಿ ಐದು ವರ್ಷಕ್ಕೆ ಒಂದು ತಿಂಗಳು ಹೆಚ್ಚಿಗೆ ಸೇರಿಸಿದರೆ ಸಾಕು. ಅದಕ್ಕೆ ಉಳಿಕೆ ತಿಂಗಳು ಅಂತ ಹೆಸರಿಟ್ಟರು. ನಮ್ಮಲ್ಲಿ 19 ವರ್ಷಕ್ಕೆ 235 ಚಾಂದ್ರ ತಿಂಗಳು ಹೊಂದುವ ಹಾಗೆಯೇ ಇದು. ಹಗ್ಗಕ್ಕೆ ಗಂಟು ಹಾಕಿ ಎಣಿಸುವ ಅರ್ಚಕರು ಮೂರು ತಲೆಮಾರಿನಲ್ಲಿ ಇದನ್ನು ಕಂಡುಕೊಳ್ಳಬಹುದು.

ನನಗೆ ಹೆಚ್ಚು ಇಷ್ಟವಾದದ್ದು ಆ ಉಳಿದ 0.2 ದಿನ. ಲೇಖಕಿ ಅದನ್ನು ತೆಗೆದುಹಾಕಲು ಹೊರಟಿದ್ದರು. ಅಕ್ಕನ ಸುತ್ತನ್ನು ಒಂದು ಕೂದಲೆಳೆ ಕಡಿಮೆ ಮಾಡಿದರೆ ಲೆಕ್ಕ ಸರಿಯಾಗಿ ಕೂಡುತ್ತಿತ್ತು. ಬೇಡ ಅಂತ ಬೇಡಿಕೊಂಡೆ. ಶೇಷ ಇಲ್ಲದ ಪಂಚಾಂಗ ಒಮ್ಮೆ ನಮ್ಮ ಕೈ ಸುಟ್ಟಿತ್ತು.

0.2 ದಿನ ಉಳಿಸಿದ್ದರಿಂದ 25 ವರ್ಷಕ್ಕೆ ಒಂದು ದಿನ ತಪ್ಪುತ್ತದೆ. ಕಥೆ ನಡೆಯುವ ಹೊತ್ತಿಗೆ ನಿಯಮ ಮಾಡಿ 250 ವರ್ಷ, ಅಂದರೆ ಹತ್ತು ದಿನ. ಯೂರೋಪಿನಲ್ಲೂ ಹೀಗೇ ಆಗಿತ್ತು. ಜೂಲಿಯನ್ ಕ್ಯಾಲೆಂಡರ್ ಸುಮಾರು 128 ವರ್ಷಕ್ಕೆ ಒಂದು ದಿನ ತಪ್ಪುತ್ತಾ ಬಂದು, 1582ರಲ್ಲಿ ಹತ್ತು ದಿನ ಒಟ್ಟಿಗೆ ಕೈಬಿಡಬೇಕಾಯಿತು. ಅಕ್ಟೋಬರ್ 4ರ ಮರುದಿನ ಅಕ್ಟೋಬರ್ 15. ಅಳಿವೆ ನಾಡಿನಲ್ಲಿ ಅಂಥ ಧೈರ್ಯ ಇನ್ನೂ ಯಾರೂ ಮಾಡಿರಲಿಲ್ಲ.

ಅದರ ಫಲ ಒಂದು ಪುಟದಲ್ಲಿ ಬರುತ್ತದೆ. ಮಣ್ಣು ಮಳೆ ಹುಟ್ಟುವ ಮೊದಲು ಅರ್ಚಕರು ಒಣ ನೆಲಕ್ಕೆ ಒಂದು ತಂಬಿಗೆ ನೀರು ಹೊಯ್ದು, ಭೂಮಿ ಅದನ್ನು ಕುಡಿಯುವುದನ್ನು ಊರವರಿಗೆ ತೋರಿಸಬೇಕು. ಅದೇ ಹಬ್ಬ. ಮಂತ್ರದಲ್ಲಿ "ಬಾಯಾರಿದ ತಾಯಿ" ಅಂತ ಬರುತ್ತದೆ. ಆದರೆ ಈಗ ಐದರಲ್ಲಿ ಎರಡು ವರ್ಷ ಹಬ್ಬದ ದಿನ ಬರುವ ಹೊತ್ತಿಗೆ ಮಣ್ಣು ಮಳೆ ಹುಟ್ಟಿಯಾಗಿರುತ್ತದೆ. ಕಥೆಯ ವರ್ಷ ಉಳಿಕೆ ತಿಂಗಳು ಬಿದ್ದ ವರ್ಷ, ಪೂರ್ತಿ ಹತ್ತು ದಿನ ತಡ. ಅರ್ಚಕರು ತಂಬಿಗೆ ಬಗ್ಗಿಸುತ್ತಾರೆ. ನೀರು ನೆಲಕ್ಕೆ ಇಳಿಯುವುದಿಲ್ಲ. ಹೆಜ್ಜೆ ಗುರುತಿನಲ್ಲಿ ನಿಂತ ಕೆಸರು ನೀರಿನ ಜೊತೆ ಸೇರಿ ಅವರ ಕಾಲ ಬೆರಳಿನ ಕಡೆಗೇ ಹರಿದು ಬರುತ್ತದೆ. ಊರವರು ತಲೆ ತಗ್ಗಿಸಿ ನಿಂತಿರುತ್ತಾರೆ. ಯಾರೂ ಏನೂ ಅನ್ನುವುದಿಲ್ಲ. ಕಾದಂಬರಿಯಲ್ಲಿ ಪಂಚಾಂಗ ತಪ್ಪಿದೆ ಅಂತ ಒಂದು ಸಾಲೂ ಇಲ್ಲ. ಓದಿದ ನಾಲ್ವರಿಗೂ ಅಲ್ಲೇ ಅರ್ಥವಾಯಿತು.

ಉಪ್ಪಿನವರು, ಮತ್ತು ತಿಂಗಳು ಅನ್ನುವ ಮಾತು

ಉಪ್ಪಿನವರ ವಿಷಯದಲ್ಲಿ ನಾನೇ ಒಂದು ತಪ್ಪು ಮಾಡಿದೆ. ಜೋಡಿ ಹುಣ್ಣಿಮೆಗೆ ಮಾತ್ರ ದೊಡ್ಡ ಉಬ್ಬರ ಅಂತ ಹೇಳಿಬಿಟ್ಟಿದ್ದೆ. ಉಬ್ಬರ ಹುಣ್ಣಿಮೆಗೂ ಏರುತ್ತದೆ, ಅಮಾವಾಸ್ಯೆಗೂ ಏರುತ್ತದೆ. ಸೂರ್ಯ, ಚಂದ್ರ ಒಂದೇ ಗೆರೆಯಲ್ಲಿದ್ದರೆ ಸಾಕು. ಕರಾವಳಿಯಲ್ಲಿ ಬೆಳೆದ ಲೇಖಕಿಗೆ ಇದು ಚಿಕ್ಕಂದಿನಿಂದ ಗೊತ್ತು. ನನ್ನ ಮಾತಿಗೆ ಬೆಲೆ ಕೊಟ್ಟು ಸುಮ್ಮನಿದ್ದರಂತೆ. ಹಾಗೆ ಸುಮ್ಮನಿರಬೇಡಿ ಅಂತ ಆಮೇಲೆ ಒಪ್ಪಂದ ಮಾಡಿಕೊಂಡೆವು.

ಇಬ್ಬರೂ ತುಂಬಿದಾಗ, ಇಬ್ಬರೂ ಕರಗಿದಾಗ, ಒಬ್ಬಳು ತುಂಬಿ ಒಬ್ಬಳು ಕರಗಿದಾಗ, ಎಲ್ಲದಕ್ಕೂ ನೀರು ದೊಡ್ಡದೇ. ದೇವಸ್ಥಾನ ಹಬ್ಬ ಮಾಡುವುದು ಒಂದಕ್ಕೆ, ಉಪ್ಪಿನವರು ಹೆದರುವುದು ನಾಲ್ಕಕ್ಕೆ. ಅವರು ನಾಲ್ಕಕ್ಕೂ ಸೇರಿ "ಕೂಡು ನೀರು" ಅನ್ನುತ್ತಾರೆ. ಪಂಚಾಂಗದಲ್ಲಿ ಅದಕ್ಕೆ ಹೆಸರೇ ಇಲ್ಲ. ಉಪ್ಪಿನ ಮನೆಗಳ ಬಾಗಿಲ ಚೌಕಟ್ಟಿನಲ್ಲಿ ಗೀರಿದ ಗುರುತುಗಳಲ್ಲಿ ಮಾತ್ರ ಅದು ಇರುತ್ತದೆ.

ಭಾಷೆಯದ್ದೂ ಒಂದು ತೊಡಕಿತ್ತು. ಕನ್ನಡದಲ್ಲಿ ತಿಂಗಳು ಅಂದರೆ ಚಂದ್ರನೂ ಹೌದು, ಮಾಸವೂ ಹೌದು. ಬೆಳದಿಂಗಳಲ್ಲಿರುವುದು ಅದೇ ತಿಂಗಳು. ಎರಡು ಚಂದ್ರರಿದ್ದರೆ ಯಾರದು ತಿಂಗಳು? ಅಕ್ಕನದು ಮಾತ್ರ ತಿಂಗಳು, ತಂಗಿಯದು ಸುತ್ತು ಅಂತ ತೀರ್ಮಾನಿಸಿದೆವು. ವಾರದ ಹೆಸರುಗಳು ಹೋದವು, ಆ ಆಕಾಶದಲ್ಲಿ ಮಂಗಳನೂ ಇಲ್ಲ, ಬುಧನೂ ಇಲ್ಲ. ಅದರ ಬದಲು ಆರು ದಿನಕ್ಕೊಮ್ಮೆ ಸಂತೆ. ಅರವತ್ತು ಸಂವತ್ಸರಗಳನ್ನೂ ಕೈಬಿಟ್ಟರು. ಗುರುಗ್ರಹ ಸುಮಾರು 12 ವರ್ಷಕ್ಕೆ ಒಂದು ಸುತ್ತು ಹಾಕುವುದರಿಂದ ನಮಗೆ ಆ ಅರವತ್ತಕ್ಕೆ ಒಂದು ನೆಲೆ ಇದೆ. ಅಲ್ಲಿ ಗುರುವಿಲ್ಲ. ಜನರ ಮಾತಿನಲ್ಲಿ ತಾರೀಖು ಕಡಿಮೆಯಾಗಿ, ಮೊನ್ನೆ, ನಾಡಿದ್ದು, ಬರುವ ಸಂತೆ ಹೊತ್ತಿಗೆ, ಏಡಿ ಮಳೆ ಕಳೆದ ಮೇಲೆ ಅನ್ನುವಂಥ ಮಾತು ಜಾಸ್ತಿಯಾಯಿತು. ಅಧ್ಯಾಯಗಳ ನೆತ್ತಿಯ ಮೇಲಿನ ಸಾಲುಗಳನ್ನು ಅವರೇ ಒಂದು ದಿನ ಅಳಿಸಿ ಕಳಿಸಿದರು. ನಾನು ಕೇಳಿರಲಿಲ್ಲ.

ಏಳನೇ ಅಧ್ಯಾಯಕ್ಕೆ ಮರಳಿ

ಕೊನೆಗೆ ಉಳಿದದ್ದು ಆ ಓಡಿಹೋಗುವ ರಾತ್ರಿ. ಹೊಸ ಅಂಕಿಗಳಲ್ಲೂ 60ನೇ ರಾತ್ರಿ ಅಕ್ಕ ಹೆಚ್ಚೂಕಡಿಮೆ ತುಂಬಿಯೇ ಇರುತ್ತಾಳೆ. 45ನೇ ರಾತ್ರಿ ಅಕ್ಕ ಇಲ್ಲ, ಆದರೆ ತಂಗಿ ಹುಣ್ಣಿಮೆಗೆ ಎರಡೇ ದಿನ ದೂರ. ಇಬ್ಬರೂ ಇಲ್ಲದ ರಾತ್ರಿ ಹುಡುಕುತ್ತಾ ಹೋದರೆ 76ನೇ ರಾತ್ರಿ ಸಿಗುತ್ತದೆ. ಅಕ್ಕ 75.5ನೇ ದಿನ ಕರಗುತ್ತಾಳೆ, ತಂಗಿ 76ಕ್ಕೆ.

ಚಂದ್ರನ ಕಲೆ ಸ್ವಲ್ಪ ತಿದ್ದಿ ಹಳೇ ತಾರೀಖೇ ಉಳಿಸಿಕೊಳ್ಳಬಹುದಿತ್ತು. ಯಾರೂ ಕೇಳುತ್ತಿರಲಿಲ್ಲ, ಆ ಪೆನ್ಸಿಲ್ ಹುಡುಗನನ್ನು ಬಿಟ್ಟು. ಲೇಖಕಿ ಒಪ್ಪಲಿಲ್ಲ. "ಅವಳು ಕಾಯಲಿ ಸರ್" ಅಂದರು.

ಹಾಗಾಗಿ ಹುಡುಗಿ ಹದಿನಾರು ದಿನ ಹೆಚ್ಚು ಕಾದಳು. ಆ ಹದಿನಾರು ದಿನಕ್ಕೆ ಹೊಸದಾಗಿ ಒಂದು ಅಧ್ಯಾಯ ಬಂತು. ಗಂಟು ಕಟ್ಟಿ ಅಕ್ಕಿ ಡಬ್ಬದ ಹಿಂದೆ ಇಟ್ಟಿದ್ದಾಳೆ. ದಿನಾ ಸಂಜೆ ನೀರಿಗೆ ಹೋದಾಗ ಆಕಾಶ ನೋಡುತ್ತಾಳೆ. ಮೊದಲು ತಂಗಿ ಒಮ್ಮೆ ಪೂರ್ತಿ ತುಂಬಿ ಅವಳ ಎದೆ ನಡುಗಿಸುತ್ತಾಳೆ, ಆಮೇಲೆ ಇಬ್ಬರೂ ಜೊತೆಯಲ್ಲಿ ಕರಗತೊಡಗುತ್ತಾರೆ. ತಾಯಿಗೆ ಏನೋ ಗೊತ್ತಾಗುತ್ತದೆ. ಕೇಳುವುದಿಲ್ಲ. ರೊಟ್ಟಿ ತಟ್ಟುವಾಗ ಎರಡು ಹೆಚ್ಚು ತಟ್ಟಿ ಬಟ್ಟೆಯಲ್ಲಿ ಸುತ್ತಿ ಒಲೆಯ ಪಕ್ಕ ಇಡುತ್ತಾಳೆ.

ಇಬ್ಬರೂ ಕರಗಿದ ರಾತ್ರಿ ಅಂದರೆ ಉಪ್ಪಿನವರ ಲೆಕ್ಕದಲ್ಲಿ ಕೂಡು ನೀರು. ಮೊದಲ ಹಸ್ತಪ್ರತಿಯಲ್ಲಿ ಹುಡುಗಿ ದೋಣಿಯನ್ನು ಅಳಿವೆ ಬಾಯಿಯ ಮರಳದಿಬ್ಬದ ಮೇಲೆ ಎಳೆದುಕೊಂಡು ದಾಟಬೇಕಿತ್ತು. ಒಬ್ಬಳ ಕೈಯಲ್ಲಿ ಅದು ಹೇಗೆ ಸಾಧ್ಯ ಅಂತ ನಾನು ಹಿಂದೆಯೇ ಗುರುತು ಹಾಕಿದ್ದೆ. ಈಗಿನ ಅಧ್ಯಾಯದಲ್ಲಿ ಅವಳು ಕತ್ತಲಲ್ಲಿ ಹುಟ್ಟು ಕೆಳಗೆ ಬಿಟ್ಟು ಮರಳು ತಾಗುವುದನ್ನು ಕಾಯುತ್ತಾಳೆ. ಮರಳು ಸಿಗುವುದಿಲ್ಲ. ದಿಬ್ಬದ ಮೇಲೆ ಎರಡಾಳು ನೀರು ನಿಂತಿದೆ, ದೋಣಿ ಆಗಲೇ ಸಮುದ್ರದಲ್ಲಿದೆ.